ಹಸಿರು ಅಕ್ರೋಟಿನ ಕಪ್ಪು ರಸ

ಕಳೆದ ಬೇಸಗೆಯಲ್ಲಿ ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಊರಿಗೆ ಬಂದಿದ್ದವನು ನಮ್ಮ ಮನೆಗೂ ಬಂದ. ಇಟಲಿಯ ಮೊಡೆನಾ ಪಟ್ಟಣದಲ್ಲಿ ಎಂಜಿನಿಯರಾಗಿರುವ ಹುಡುಗ. ಕಾಲೇಜಿನಲ್ಲಿ ಎರಡು ವರ್ಷ ನನ್ನಿಂದ ಕನ್ನಡ ಪಾಠ ಹೇಳಿಸಿಕೊಂಡ ಋಣಕ್ಕೋ ಏನೋ, ಮಕ್ಕಳಿಗೆಂದು ತಂದ ಚಾಕೊಲೇಟುಗಳ ಜೊತೆಗೆ ನನಗೆಂದು ಒಂದು ಪುಟ್ಟ ಸೀಸೆಯನ್ನು ಮೇಜಿನ ಮೇಲಿಟ್ಟ. ಅದರ ಮೇಲೆ ಅಂಗಡಿಯ ಚೀಟಿಯಿರಲಿಲ್ಲ. ಯಾರೋ ಕೈಯಲ್ಲಿ ಬರೆದ ಒಂದು ಇಸವಿ ಮಾತ್ರ ಇತ್ತು. ಒಳಗಿನ ರಸ ಕಾಡಿಗೆಯಂತೆ ಕಪ್ಪಗಿತ್ತು.

“ಇದು ನೊಚಿನೋ ಸಾರ್. ನಾನು ಬಾಡಿಗೆಗಿರುವ ಮನೆಯ ಅಜ್ಜಿ ಮಾಡಿದ್ದು. ಎಳೆಯ ಅಕ್ರೋಟಿನದು,” ಎಂದ. ಆಮೇಲೆ ಸ್ವಲ್ಪ ಸಂಕೋಚದಿಂದ, “ಇದರಲ್ಲಿ ಮದ್ಯಸಾರ ಇದೆ ಸಾರ್, ತಾವು ಬೈಯಬಾರದು,” ಎಂದು ಸೇರಿಸಿದ.

ನಾನು ಕುಡಿಯುವವನಲ್ಲ. ಬೈಯಲೂ ಇಲ್ಲ. ನನ್ನಾಕೆ ಆ ಬಣ್ಣ ನೋಡಿ ಯಾವುದೋ ಕಷಾಯವಿರಬೇಕೆಂದು ಭಾವಿಸಿ, ಅದನ್ನು ಔಷಧಿಗಳ ಕಪಾಟಿನಲ್ಲಿ ದ್ರಾಕ್ಷಾಸವದ ಪಕ್ಕಕ್ಕೆ ಇಟ್ಟುಬಿಟ್ಟಳು. ಆ ದಿನ ನಮಗೆ ಅದು ನಗುವ ಸಂಗತಿಯಾಗಿತ್ತು. ಆಮೇಲೆ ಈ ವಿಷಯವಾಗಿ ಓದುತ್ತಾ ಹೋದಂತೆ, ಚರಿತ್ರೆಯ ಪ್ರಕಾರ ಸೀಸೆ ಸೇರಬೇಕಾದ ಜಾಗವನ್ನೇ ಸೇರಿದೆ ಎಂದು ನನಗೆ ತೋರತೊಡಗಿತು.

ಓದುಗರಲ್ಲಿ ಅನೇಕರಿಗೆ ಲಿಕ್ಯೂರ್ ಎಂಬ ಹೆಸರು ಹೊಸದಲ್ಲ, ವಸ್ತು ಹೊಸದಿರಬಹುದು. ಭಟ್ಟಿ ಇಳಿಸಿದ ಮದ್ಯಸಾರದಲ್ಲಿ ಹಣ್ಣನ್ನೋ ಬೇರನ್ನೋ ಬೀಜವನ್ನೋ ನೆನೆಹಾಕಿ, ಅದರ ಸತ್ವ ಇಳಿದ ಮೇಲೆ ಸೋಸಿ, ಸಕ್ಕರೆ ಬೆರೆಸಿದರೆ ಅದು ಲಿಕ್ಯೂರ್. ನಮ್ಮ ಆಸವ ಅರಿಷ್ಟಗಳ ಮಾರ್ಗ ಬೇರೆ. ಅಲ್ಲಿ ಬೆಲ್ಲವೂ ಧಾತಕೀ ಹೂವೂ ಕೂಡಿ ಮುಚ್ಚಿದ ಪಾತ್ರೆಯೊಳಗೆ ತಾವೇ ಹುದುಗಿ ಮದ್ಯಸಾರವನ್ನು ಹುಟ್ಟಿಸಿಕೊಳ್ಳುತ್ತವೆ, ಹೊರಗಿನಿಂದ ಸುರಿಯುವುದಿಲ್ಲ. ಲಿಕ್ಯೂರ್ ಮಾಡುವ ಮನೆಯಾಕೆ ಮದ್ಯಸಾರವನ್ನು ಅಂಗಡಿಯಿಂದ ತರುತ್ತಾಳೆ. ಇಟಲಿಯಲ್ಲಿ ಈ ಕೆಲಸಕ್ಕೆಂದೇ ನೂರಕ್ಕೆ 95 ಪಾಲಿನ ಶುದ್ಧ ಮದ್ಯಸಾರವನ್ನು, ಸುಂಕ ಕಟ್ಟಿದ ಸೀಸೆಗಳಲ್ಲಿ, ದಿನಸಿ ಅಂಗಡಿಗಳಲ್ಲೇ ಮಾರುತ್ತಾರೆ. ಆಕೆ ಮಾಡುವುದು ನೆನೆಹಾಕುವುದು ಮತ್ತು ಕಾಯುವುದು. ಮನೆಯಲ್ಲಿ ಭಟ್ಟಿ ಇಳಿಸುವುದು ಅಲ್ಲಿಯೂ ಅಪರಾಧ, ಇಲ್ಲಿಯೂ ಅಪರಾಧ.

ನೊಚಿನೋ ಎಂಬ ಮಾತು ‘ನೋಚೆ’, ಅಂದರೆ ಅಕ್ರೋಟು, ಎಂಬುದರಿಂದ ಬಂದದ್ದು. ಅಕ್ರೋಟು ಎಂದರೆ ನಮಗೆ ಒಣಗಿದ ಗಟ್ಟಿ ಚಿಪ್ಪು, ಒಳಗೆ ಸುಕ್ಕುಗಟ್ಟಿದ ತಿರುಳು. ಮರದಲ್ಲಿರುವಾಗ ಆ ಚಿಪ್ಪಿನ ಮೇಲೆ ಇನ್ನೊಂದು ದಪ್ಪ ಹಸಿರು ಸಿಪ್ಪೆಯಿರುತ್ತದೆ. ನೊಚಿನೋಗೆ ಬೇಕಾದದ್ದು ಚಿಪ್ಪು ಇನ್ನೂ ಗಟ್ಟಿಯಾಗದ, ಒಳಗೆ ತಿರುಳು ಲೋಳೆಯಂತಿರುವ, ನಿಂಬೆಹಣ್ಣಿನಂಥ ಎಳೆಯ ಕಾಯಿ. ದಬ್ಬಳ ಚುಚ್ಚಿದರೆ ಈ ಕಡೆಯಿಂದ ಆ ಕಡೆಗೆ ತಡೆಯಿಲ್ಲದೆ ಹಾಯಬೇಕು. ಹತ್ತು ದಿನ ತಡವಾದರೆ ಚಿಪ್ಪು ಮರವಾಗುತ್ತದೆ. ಕಾಯಿ ಕೆಲಸಕ್ಕೆ ಬಾರದು.

ಇದಕ್ಕೆ ಅಲ್ಲಿಯವರು ಇಟ್ಟುಕೊಂಡ ತಿಥಿ ಜೂನ್ 24, ಸ್ನಾನಿಕ ಯೋಹಾನನ ಹಬ್ಬ. ಹಿಂದಿನ ರಾತ್ರಿಯೇ ಕಾಯಿ ಕೀಳಬೇಕು, ಬರಿಗಾಲಿನ ಹೆಂಗಸೇ ಮರ ಹತ್ತಬೇಕು, ಕಾಯಿಗೆ ಕಬ್ಬಿಣ ತಾಗಕೂಡದು, ಎಣಿಕೆ ಬೆಸವಾಗಿರಬೇಕು, ಕಿತ್ತ ಕಾಯಿ ಇರುಳೆಲ್ಲ ಇಬ್ಬನಿಯಲ್ಲಿ ನೆನೆಯಬೇಕು. ನಗಬಾರದು. ನಮ್ಮ ರೈತ ರೋಹಿಣಿ ಮಳೆಗೆ ಇದು, ಮೃಗಶಿರೆಗೆ ಅದು ಎಂದು ಬಿತ್ತನೆಯ ಲೆಕ್ಕವನ್ನು ನಕ್ಷತ್ರಗಳಿಗೆ ಕಟ್ಟಿಟ್ಟಂತೆ, ಅಲ್ಲಿಯ ಹೆಂಗಸರು ಚಿಪ್ಪು ಗಟ್ಟಿಯಾಗುವ ಮುಂಚಿನ ವಾರವನ್ನು ಒಬ್ಬ ಸಂತನ ಹೆಸರಿಗೆ ಕಟ್ಟಿದರು. ಪಂಚಾಂಗ ಮರೆತರೂ ಹಬ್ಬ ಮರೆಯುವುದಿಲ್ಲವಲ್ಲ! ಅಕ್ರೋಟು ಮರಕ್ಕಂತೂ ಆ ದೇಶದಲ್ಲಿ ಮೊದಲಿನಿಂದಲೂ ಮಾಟದ ಹೆಸರಿದೆ. ದಕ್ಷಿಣದ ಬೆನೆವೆಂತೋ ಊರಿನ ಒಂದು ಅಕ್ರೋಟು ಮರದ ಕೆಳಗೆ ಮಾಟಗಾತಿಯರು ಸೇರುತ್ತಿದ್ದರೆಂದೂ, ಏಳನೆಯ ಶತಮಾನದಲ್ಲಿ ಬಿಷಪ್ ಬಾರ್ಬಾಟೋ ಅದನ್ನು ಕಡಿಸಿದನೆಂದೂ ಐತಿಹ್ಯ. ಅಂಥ ಮರವನ್ನು ಇರುಳಿನಲ್ಲಿ ಹತ್ತುವವಳಿಗೆ ಸಂತನ ರಕ್ಷೆಯೂ ಬೇಕಾಗಿತ್ತೇನೋ.

ಕಿತ್ತ ಕಾಯಿಯನ್ನು ನಾಲ್ಕು ಹೋಳು ಮಾಡಿ, ಸಕ್ಕರೆಯೊಡನೆ ಗಾಜಿನ ಭರಣಿಗೆ ತುಂಬಿ, ಒಂದೆರಡು ದಿನ ಬಿಸಿಲಿಗಿಡುತ್ತಾರೆ, ಆಗಾಗ ಕಲಕುತ್ತಾರೆ. ಆಮೇಲೆ ಮದ್ಯಸಾರ ಸುರಿದು ಕನಿಷ್ಠ ಎರಡು ತಿಂಗಳು ಬಿಡುತ್ತಾರೆ. ಮೊದಲು ಗಿಳಿಹಸಿರಾದ ರಸ ನೋಡನೋಡುತ್ತ ಕಂದುತ್ತದೆ, ಕೊನೆಗೆ ಕಪ್ಪಾಗುತ್ತದೆ. ಹಸಿರು ಸಿಪ್ಪೆಯಲ್ಲಿರುವ ಒಂದು ವಸ್ತು ಗಾಳಿ ಸೋಕಿದೊಡನೆ ಬಣ್ಣ ತಿರುಗುವುದೇ ಇದಕ್ಕೆ ಕಾರಣ. ರಸಾಯನಶಾಸ್ತ್ರಜ್ಞರು ಆ ಬಣ್ಣವನ್ನು ಜುಗ್ಲೋನ್ ಎನ್ನುತ್ತಾರೆ. ಕಾಯಿ ಹೆಚ್ಚಿದವರ ಬೆರಳುಗಳೂ ಕಪ್ಪಾಗುತ್ತವೆ, ಸಾಬೂನಿಗೆ ಬಗ್ಗುವುದಿಲ್ಲ. ನಮ್ಮಲ್ಲಿ ಎಳೆ ಗೇರುಬೀಜ ಬಿಡಿಸುವವರ ಕೈ ಬಲ್ಲವರಿಗೆ ಈ ಮಾತು ಬಿಡಿಸಿ ಹೇಳಬೇಕಾಗಿಲ್ಲ. ಸೋಸಿದ ರಸವನ್ನು ಒಡನೆ ಕುಡಿದರೆ ಒಗರಿನಿಂದ ನಾಲಿಗೆ ಹಿಡಿಯುತ್ತದೆ. ಅದು ಮಾಗಬೇಕು. ವರ್ಷವೊಪ್ಪತ್ತು ಮರದ ಪೀಪಾಯಿಯಲ್ಲಿದ್ದರೆ ಉತ್ತಮ.

ಈ ಪಾನೀಯ ಎಷ್ಟು ಹಳೆಯದು? ರೋಮನರ ಕಾಲದ್ದೆನ್ನುವವರಿದ್ದಾರೆ. ಹಳೆಯದಾದಷ್ಟೂ ಹೆಚ್ಚು ಮಾನ್ಯವೆಂಬ ಭ್ರಮೆ ಎಲ್ಲ ದೇಶಗಳಲ್ಲೂ ಇದೆ. ಆದರೆ ರೋಮನರಿಗೆ ದ್ರಾಕ್ಷಿಯ ಮದ್ಯ ಗೊತ್ತಿತ್ತೇ ಹೊರತು ಭಟ್ಟಿ ಇಳಿಸಿದ ಮದ್ಯಸಾರ ಗೊತ್ತಿರಲಿಲ್ಲ. ಇಟಲಿಯಲ್ಲಿ ಅದು ಕಾಣಿಸಿಕೊಂಡದ್ದು ಹನ್ನೆರಡನೆಯ ಶತಮಾನದಲ್ಲಿ, ದಕ್ಷಿಣದ ಸಲೆರ್ನೋ ವೈದ್ಯರ ನಡುವೆ. ಅಲ್ಲಿಗೆ ಈ ವಿದ್ಯೆ ಅರಬರ ಗ್ರಂಥಗಳಿಂದ ಬಂತು. ಹೆಸರುಗಳೇ ಸಾಕ್ಷಿ. ಆಲ್ಕೊಹಾಲ್ ಎಂಬುದು ಮೂಲದಲ್ಲಿ ಅರಬ್ಬಿಯ ‘ಅಲ್ ಕುಹ್ಲ್’, ಕಣ್ಣಿಗೆ ಹಚ್ಚುವ ಕಾಡಿಗೆಯ ನುಣ್ಣನೆಯ ಪುಡಿ. ಪುಡಿಗೆ ಇದ್ದ ಹೆಸರು ಕಾಲಕ್ರಮದಲ್ಲಿ ಯಾವುದೇ ವಸ್ತುವಿನ ಸೂಕ್ಷ್ಮ ಸಾರಕ್ಕೆ, ಅನಂತರ ಮದ್ಯದ ಸಾರಕ್ಕೆ ಅಂಟಿಕೊಂಡಿತು. ನಾನು ಸೀಸೆಯನ್ನು ನೋಡಿ ಕಾಡಿಗೆಯನ್ನು ನೆನೆದದ್ದು ಅಷ್ಟೇನೂ ಅಪ್ರಕೃತವಲ್ಲವೆಂದಾಯಿತು.

ಸಲೆರ್ನೋದಿಂದ ಈ ವಿದ್ಯೆ ಉತ್ತರಕ್ಕೂ ಹಬ್ಬಿತು. ಮೊಡೆನಾಕ್ಕೆ ನೆರೆಯ ಊರು ಬೊಲೊನ್ಯ. ಅಲ್ಲಿಯ ವಿಶ್ವವಿದ್ಯಾಲಯದಲ್ಲಿ ವೈದ್ಯ ಬೋಧಿಸುತ್ತಿದ್ದ ತಾದ್ದೇಓ ಆಲ್ದೆರೊತ್ತಿ 1295ರಲ್ಲಿ ತೀರಿಕೊಂಡ. ದ್ರಾಕ್ಷಾಮದ್ಯವನ್ನು ಮರಳಿ ಮರಳಿ ಭಟ್ಟಿಗೇರಿಸಿ, ಹಾವಿನಂತೆ ಸುತ್ತಿದ ಕೊಳವೆಯನ್ನು ತಣ್ಣೀರಿನಿಂದ ತಂಪಾಗಿಟ್ಟು, ಅದರ ಸಾರವನ್ನು ಹಿಡಿಯುವ ಕ್ರಮವನ್ನು ಆತ ಬರೆದಿಟ್ಟಿದ್ದಾನೆ. ಡಾಂಟೆ ಕವಿಯ ಮಹಾಕಾವ್ಯದಲ್ಲಿ ಬರುವ ತಾದ್ದೇಓ ಈತನೇ ಎಂದು ವ್ಯಾಖ್ಯಾನಕಾರರು ಹೇಳುತ್ತಾರೆ. ಆ ಸಾರಕ್ಕೆ ವೈದ್ಯರಿಟ್ಟ ಹೆಸರು ‘ಜೀವಜಲ’. ಅದನ್ನು ಯಾರೂ ಸಂತೋಷಕ್ಕಾಗಿ ಲೋಟಗಟ್ಟಲೆ ಕುಡಿಯುತ್ತಿರಲಿಲ್ಲ; ಹನಿ ಲೆಕ್ಕದಲ್ಲಿ, ಚಮಚ ಲೆಕ್ಕದಲ್ಲಿ ಕೊಡುತ್ತಿದ್ದರು. 1476ರಲ್ಲಿ ಆಗ್ಸ್‌ಬರ್ಗಿನಲ್ಲಿ ಅಚ್ಚಾದ ಜರ್ಮನ್ ಪುಸ್ತಿಕೆಯೊಂದರಲ್ಲಿ ಮಿಖಾಯೆಲ್ ಪುಫ್ ಎಂಬ ವೈದ್ಯ, ಬೆಳಗ್ಗೆ ಅರ್ಧ ಚಮಚ ಜೀವಜಲ ಕುಡಿದವನಿಗೆ ರೋಗವೇ ಇಲ್ಲವೆಂದು ಭರವಸೆ ಕೊಡುತ್ತಾನೆ. ಅಂಥ ಭರವಸೆಗಳಿಗೆ ಎಲ್ಲ ಕಾಲದಲ್ಲೂ ಗಿರಾಕಿಗಳಿದ್ದಾರೆ.

ಅಕ್ರೋಟಿಗಾದರೋ ಔಷಧಿಯೆಂಬ ಕೀರ್ತಿ ಇನ್ನೂ ಹಳೆಯದು. ಪಾಂಟಸ್ಸಿನ ದೊರೆ ಮಿಥ್ರಿದೇತಿಸನನ್ನು ಗೆದ್ದ ರೋಮಿನ ಸೇನಾಪತಿ ಪಾಂಪಿಗೆ ಆ ದೊರೆಯ ಗುಪ್ತ ಕಾಗದಗಳಲ್ಲಿ ಸ್ವಹಸ್ತಾಕ್ಷರದ ಒಂದು ವಿಷಹರ ಯೋಗ ಸಿಕ್ಕಿತೆಂದು ಪ್ಲಿನಿ ಬರೆಯುತ್ತಾನೆ: ಎರಡು ಒಣ ಅಕ್ರೋಟು, ಎರಡು ಅಂಜೂರ, ಇಪ್ಪತ್ತು ನಾಗದಾಳಿ ಎಲೆ, ಚಿಟಿಕೆ ಉಪ್ಪು. ಖಾಲಿ ಹೊಟ್ಟೆಯಲ್ಲಿ ತಿಂದವನಿಗೆ ಆ ದಿನ ಯಾವ ವಿಷವೂ ಏರದಂತೆ! ಇಂಗ್ಲೆಂಡಿನ ವಿಲಿಯಂ ಕೋಲ್ಸ್ 1657ರಲ್ಲಿ ಇನ್ನೊಂದು ತರ್ಕ ಹೂಡಿದ. ಅಕ್ರೋಟಿನ ಚಿಪ್ಪು ತಲೆಬುರುಡೆಯಂತಿದೆ, ತಿರುಳು ಮಿದುಳಿನಂತಿದೆ. ಆದ್ದರಿಂದ ದೇವರು ಅದನ್ನು ತಲೆಯ ರೋಗಗಳಿಗೆಂದೇ ಗುರುತು ಹಾಕಿ ಕಳಿಸಿದ್ದಾನೆ. ಹೀಗೆ ವೈದ್ಯರ ಜೀವಜಲವೂ ವೈದ್ಯರ ಅಕ್ರೋಟೂ ಒಂದೇ ಭರಣಿಯೊಳಗೆ ಸೇರಿದಾಗ ನೊಚಿನೋ ಹುಟ್ಟಿತು. ಇಂದಿಗೂ ಮೊಡೆನಾದ ಮನೆಗಳಲ್ಲಿ ಅದನ್ನು ಊಟವಾದ ಮೇಲೆ ಜೀರ್ಣಕ್ಕೆಂದು ಬೊಟ್ಟಿನಷ್ಟು ಲೋಟದಲ್ಲಿ ಕೊಡುವುದುಂಟು.

ಭರಣಿಯೊಳಗೆ ಮೂರನೆಯ ವಸ್ತುವೊಂದಿದೆಯಲ್ಲ, ಸಕ್ಕರೆ. ಅದೂ ಹಿಂದೆ ಗಂಧಿಗರ ಅಂಗಡಿಯಲ್ಲಿ ತೂಗಿ ಮಾರುವ ಔಷಧಿಯೇ. ನಮ್ಮ ಶರ್ಕರೆ ಅರಬರಲ್ಲಿ ಸುಕ್ಕರ್ ಆಗಿ, ಇಟಲಿಯಲ್ಲಿ ಜುಕ್ಕೆರೋ ಆಯಿತು. ಯುರೋಪಿನ ಸಾಮಾನ್ಯ ಗೃಹಿಣಿ ಅದನ್ನು ಸೇರುಗಟ್ಟಲೆ ಕೊಳ್ಳುವಂತಾದದ್ದು ಅಟ್ಲಾಂಟಿಕ್ ಆಚೆಯ ದ್ವೀಪಗಳ ಕಬ್ಬಿನ ತೋಟಗಳಿಂದ. ಆ ತೋಟಗಳಲ್ಲಿ ದುಡಿದವರು ಆಫ್ರಿಕದಿಂದ ಹಡಗಿನಲ್ಲಿ ತುಂಬಿ ತಂದ ಗುಲಾಮರು. ಹದಿನೇಳು ಹದಿನೆಂಟನೆಯ ಶತಮಾನಗಳ ಲಿಕ್ಯೂರ್‌ಗಳ ಸಿಹಿಯನ್ನು ಹೊಗಳುವ ಪುಸ್ತಕಗಳಲ್ಲಿ ಈ ಸಂಗತಿಗೆ ಒಂದು ಸಾಲೂ ಇರುವುದಿಲ್ಲ. 1747ರಲ್ಲಿ ಮಾರ್ಗ್ರಾಫ್ ಎಂಬ ಜರ್ಮನ್ ವಿಜ್ಞಾನಿ ಬೀಟ್ ಗೆಡ್ಡೆಯಲ್ಲಿಯೂ ಅದೇ ಸಕ್ಕರೆಯಿದೆಯೆಂದು ತೋರಿಸಿದ. ಹತ್ತೊಂಬತ್ತನೆಯ ಶತಮಾನದಲ್ಲಿ ಅದರ ಕಾರ್ಖಾನೆಗಳು ಬೆಳೆದ ಮೇಲೆ ಸಕ್ಕರೆ ಹಳ್ಳಿಯ ಅಡಿಗೆಮನೆಗೂ ಇಳಿಯಿತು.

ಈ ಎಲ್ಲ ಚರಿತ್ರೆಯಲ್ಲಿ ಹೆಸರುಳ್ಳವರೆಲ್ಲ ಗಂಡಸರು. ಭರಣಿ ಕಲಕಿದವರು ಹೆಂಗಸರು. ಇಂಗ್ಲೆಂಡಿನಲ್ಲಿ ಸರ್ ಹ್ಯೂ ಪ್ಲಾಟ್ ಹೆಂಗಸರಿಗಾಗಿ ಬರೆದ, 1602ರಲ್ಲಿ ಅಚ್ಚಾದ ಪುಸ್ತಕದಲ್ಲಿ ಮಿಠಾಯಿಗಳ ಜೊತೆಯಲ್ಲೇ ಭಟ್ಟಿ ಇಳಿಸುವ ವಿದ್ಯೆಯೂ ಇದೆ. 1615ರ ಗೃಹಿಣಿ ಕೈಪಿಡಿಯಲ್ಲಿ ಜರ್ವೇಸ್ ಮಾರ್ಕಂ, ಒಳ್ಳೆಯ ಮನೆಯಾಕೆಯ ಹತ್ತಿರ ಭಟ್ಟಿಯ ಪಾತ್ರೆ ಇರಲೇಬೇಕೆನ್ನುತ್ತಾನೆ. ಹುಷಾರಿಲ್ಲದವರಿಗೆ ಔಷಧಿ ಕೊಡುವುದು ಆಕೆಯ ಕೆಲಸವೇ ಆಗಿತ್ತು. ದೊಡ್ಡ ಮನೆಗಳಲ್ಲಿ ಇದಕ್ಕೆಂದೇ ಒಂದು ಕೋಣೆಯಿರುತ್ತಿತ್ತು. ಗಂಡಸರು ಬರೆದ ಆ ಪುಸ್ತಕಗಳು ಬಹುಮಟ್ಟಿಗೆ ಆ ಕೋಣೆಯಲ್ಲಿ ಕೇಳಿಸಿಕೊಂಡದ್ದರ ನಕಲು ಎಂದು ನನ್ನ ಗುಮಾನಿ.

ಕೈಯಿಂದ ಕೈಗೆ ಬಂದ ಜ್ಞಾನವನ್ನು ಹೊಗಳಿ ಲೇಖನ ಮುಗಿಸುವುದು ಸುಲಭ. ಆದರೆ ಚರಿತ್ರೆ ಹಾಗೆ ಮುಗಿಸಲು ಬಿಡುವುದಿಲ್ಲ. ಬೀಜದ ಲಿಕ್ಯೂರ್‌ಗಳಲ್ಲಿ ಅಕ್ರೋಟಿಗೊಂದು ದಾಯಾದಿಯಿದೆ. ಕಹಿಬಾದಾಮಿ, ಜರದಾಳು, ಚೆರಿ ಮುಂತಾದ ಹಣ್ಣುಗಳ ಓಟೆಯೊಳಗಿನ ತಿರುಳನ್ನು ಮದ್ಯಸಾರದಲ್ಲಿ ನೆನೆಹಾಕಿದರೆ ಮೋಹಕವಾದ ಪರಿಮಳ ಬರುತ್ತದೆ. ಫ್ರೆಂಚರು ಇದನ್ನು ‘ನ್ವಾಯೋ’ ಎಂದರು, ಅಂದರೆ ಓಟೆ. ಪ್ಯಾರಿಸ್ಸಿನ ಹತ್ತಿರದ ಪ್ವಾಸ್ಸಿ ಎಂಬ ಊರು ಇದಕ್ಕೆ ಹೆಸರಾಯಿತು. ಇಟಲಿಯ ಸರೊನ್ನೋದಲ್ಲಿ 1525ರ ಸುಮಾರಿಗೆ ಚಿತ್ರಕಾರ ಲುಯೀನಿ ದೇವಾಲಯದ ಗೋಡೆಗೆ ಚಿತ್ರ ಬರೆಯುತ್ತಿದ್ದಾಗ ಛತ್ರದ ಒಡತಿಯೊಬ್ಬಳು ಅವನಿಗೆ ಇಂಥದೇ ಪಾನೀಯ ಮಾಡಿ ಕೊಟ್ಟಳೆಂಬ ಕತೆಯಿದೆ. ಚಿತ್ರಗಳೇನೋ ಇಂದಿಗೂ ಇವೆ. ಕತೆಯನ್ನು ಹೇಳುವವರು ಆ ಪಾನೀಯವನ್ನು ಮಾರುವವರು.

ಕಹಿಬಾದಾಮಿಯನ್ನು ಹಿಂದಿನವರು ನಂಬಿದ್ದರು. ಕುಡಿಯುವ ಮುಂಚೆ ಐದಾರು ಕಹಿಬಾದಾಮಿ ತಿಂದರೆ ಅಮಲೇರದೆಂದು ಪ್ಲಿನಿಯೂ ಪ್ಲುಟಾರ್ಕನೂ ಬರೆದಿದ್ದಾರೆ. ಅದೇ ಪರಿಮಳಕ್ಕಾಗಿ ಚೆರಿಯ ಜಾತಿಗೆ ಸೇರಿದ ಲಾರೆಲ್ ಎಂಬ ಗಿಡದ ಎಲೆಯನ್ನು ಭಟ್ಟಿ ಇಳಿಸಿ, ಆ ನೀರನ್ನು ಪಾಯಸಗಳಿಗೂ ಬ್ರಾಂದಿಗೂ ಬೆರೆಸುವ ರೂಢಿ ಹದಿನೆಂಟನೆಯ ಶತಮಾನದ ಐರ್ಲೆಂಡಿನಲ್ಲಿತ್ತು. 1728ರಲ್ಲಿ ಡಬ್ಲಿನ್ ನಗರದಲ್ಲಿ ಮನೆಗೆಲಸದ ಹುಡುಗಿಯೊಬ್ಬಳಿಗೆ ಅವಳ ಒಡತಿ ಈ ನೀರಿನ ಸೀಸೆಯೊಂದನ್ನು ಕೊಟ್ಟಳು. ಹುಡುಗಿ ಅದನ್ನು ತಾಯಿಗೆ ಕೊಟ್ಟಳು. ಒಳ್ಳೆಯ ವಸ್ತು, ಒಬ್ಬಳೇ ಹೇಗೆ ಕುಡಿಯುವುದೆಂದು ತಾಯಿ ಅಂಗಡಿಯಿಟ್ಟಿದ್ದ ತನ್ನ ಸೋದರಿಗೆ ಒಯ್ದಳು. ಸೋದರಿ ಅಂಗಡಿಗೆ ಬಂದವಳಿಗೆ ಉಪಚಾರವೆಂದು ಕೊಟ್ಟಳು. ಆ ಹೆಂಗಸೂ ಸತ್ತಳು, ಹುಡುಗಿಯ ತಾಯಿಯೂ ಸತ್ತಳು. ಡಬ್ಲಿನ್‌ನ ವೈದ್ಯ ಮ್ಯಾಡನ್ ಈ ಪ್ರಕರಣವನ್ನು ವಿವರಿಸಿ ಬರೆದದ್ದು 1731ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿಯ ಪತ್ರಿಕೆಯಲ್ಲಿ ಬಂತು. ಇಷ್ಟು ಕಾಲ ಅಡಿಗೆಯವರು ಧೈರ್ಯವಾಗಿ ಬಳಸುತ್ತಿದ್ದ ನೀರು ಅದು! ಕೊಂಚ ಹಾಕಿದಾಗ ಪರಿಮಳ ಮಾತ್ರ ಗೊತ್ತಾಗುತ್ತಿತ್ತು. ಐವತ್ತು ವರ್ಷಗಳ ಮೇಲೆ ಇಂಗ್ಲೆಂಡಿನಲ್ಲಿ ಥಿಯೊಡೋಸಿಯಸ್ ಬೌಟನ್ ಎಂಬ ಎಳೆಯ ಜಮೀನುದಾರನಿಗೆ ಔಷಧಿಯಲ್ಲಿ ಇದೇ ನೀರು ಬೆರೆಸಿ ಕೊಂದನೆಂದು ಅವನ ಭಾವ ಕ್ಯಾಪ್ಟನ್ ಡಾನೆಲನ್ನನನ್ನು 1781ರಲ್ಲಿ ಗಲ್ಲಿಗೇರಿಸಿದರು.

ಏನಿದು ವಿಷ? ಸ್ವೀಡನ್ನಿನ ಶೀಲೆ 1782ರಲ್ಲಿ ಪ್ರಸ್ಸಿಕ್ ಆಮ್ಲವನ್ನು ಕಂಡುಹಿಡಿದ; ನಾವು ಇಂದು ಸಯನೈಡ್ ಎಂದು ಕೇಳುವುದು ಈ ಕುಟುಂಬದ್ದೇ. 1830ರಲ್ಲಿ ರೊಬಿಕೆ ಮತ್ತು ಬೂಟ್ರೋನ್ ಎಂಬ ಫ್ರೆಂಚರು ಕಹಿಬಾದಾಮಿಯಿಂದ ಅಮಿಗ್ಡಲಿನ್ ಎಂಬ ವಸ್ತುವನ್ನು ಬೇರ್ಪಡಿಸಿದರು. 1837ರಲ್ಲಿ ಜರ್ಮನಿಯ ವೋಲರ್ ಮತ್ತು ಲೀಬಿಗ್ ಗುಟ್ಟನ್ನು ಬಯಲಿಗೆಳೆದರು. ಇಡಿಯಾದ ಒಣ ಬೀಜದಲ್ಲಿ ಈ ಅಮಿಗ್ಡಲಿನ್ ಸುಮ್ಮನಿರುತ್ತದೆ. ಬೀಜವನ್ನು ಜಜ್ಜಿ ನೀರು ಸೋಕಿಸಿದೊಡನೆ, ಬೀಜದಲ್ಲೇ ಇರುವ ಇನ್ನೊಂದು ದ್ರವ್ಯ ಅದನ್ನು ಒಡೆಯುತ್ತದೆ. ಒಡೆದಾಗ ಮೂರು ವಸ್ತುಗಳು ಹೊರಡುತ್ತವೆ: ಒಂದು ಬಗೆಯ ಸಕ್ಕರೆ, ಆ ಮೋಹಕ ಪರಿಮಳ, ಮತ್ತು ಪ್ರಸ್ಸಿಕ್ ಆಮ್ಲ. ಕ್ಷೀರಸಾಗರ ಕಡೆದಾಗಿನಂತೆ ಹಾಲಾಹಲವೂ ಸುಗಂಧವೂ ಒಂದೇ ಮಥನದಲ್ಲಿ ಹುಟ್ಟುತ್ತವೆ. ಮೂಗನ್ನು ನಂಬಿ ಕೆಲಸ ಮಾಡುವ ಕೈಗೆ ಇದಕ್ಕಿಂತ ದೊಡ್ಡ ಮೋಸವಿಲ್ಲ. ಅಕ್ರೋಟಿನ ವಿಷಯದಲ್ಲಿ ನೂರು ಸಲ ನಿಜ ಹೇಳಿದ ಅದೇ ಮೂಗು, ಅದೇ ನಾಲಿಗೆ, ಇಲ್ಲಿ ಸುಳ್ಳು ಹೇಳಿದವು.

ಆಮೇಲೂ ಮನೆಗಳಲ್ಲಿ ನ್ವಾಯೋ ನಿಲ್ಲಲಿಲ್ಲ. 1861ರಲ್ಲಿ ಇಸಬೆಲ್ಲಾ ಬೀಟನ್ ಪ್ರಕಟಿಸಿದ, ಇಂಗ್ಲೆಂಡಿನ ಮಧ್ಯಮ ವರ್ಗದ ಮನೆಮನೆಯಲ್ಲಿದ್ದ ಗೃಹಕೃತ್ಯದ ಪುಸ್ತಕದಲ್ಲಿ ಮನೆಯಲ್ಲೇ ನ್ವಾಯೋ ಮಾಡುವ ಬಗೆಯಿದೆ: ಕಹಿಬಾದಾಮಿ, ಸಕ್ಕರೆ, ನಿಂಬೆಯ ಸಿಪ್ಪೆ, ಜೇನು, ಹಾಲು, ಜೊತೆಗೆ ಐರಿಷ್ ವಿಸ್ಕಿ ಇಲ್ಲವೆ ಜಿನ್. ಇಂದು ಕಾರ್ಖಾನೆಗಳಲ್ಲಿ ಬಳಸುವ ಬಾದಾಮಿ ಎಣ್ಣೆಯಿಂದ ಆ ಆಮ್ಲವನ್ನು ತೆಗೆದುಹಾಕಿರುತ್ತಾರೆ. ಮನೆಯಲ್ಲಿ ಹಾಗೆ ತೆಗೆಯುವ ಉಪಾಯವಿಲ್ಲ. ಹಣ್ಣು ತಿಂದು ಓಟೆ ಒಡೆದು ಪ್ರಯೋಗ ಮಾಡುವ ಉತ್ಸಾಹ ಯಾರಿಗಾದರೂ ಬಂದರೆ ಡಬ್ಲಿನ್ ನಗರವನ್ನು ನೆನೆಯಲಿ.

ಇಟಲಿಯಲ್ಲಿ ನೊಚಿನೋ ಬರಹಕ್ಕೆ ಇಳಿದ ಬಗೆ ಇನ್ನೊಂದು. ಮೊಡೆನಾದಿಂದ ಪೂರ್ವಕ್ಕೆ, ಫೋರ್ಲಿಂಪೋಪೋಲಿಯಲ್ಲಿ 1820ರಲ್ಲಿ ಹುಟ್ಟಿದ ಪೆಲ್ಲೆಗ್ರೀನೋ ಆರ್ತೂಸಿ ರೇಷ್ಮೆ ವ್ಯಾಪಾರಿ. ಎಪ್ಪತ್ತು ದಾಟಿದ ಮೇಲೆ, 1891ರಲ್ಲಿ, ಸ್ವಂತ ಖರ್ಚಿನಲ್ಲಿ ಒಂದು ಪಾಕಪುಸ್ತಕವನ್ನು ಅಚ್ಚುಹಾಕಿಸಿದ. ಮೊದಲು 475 ಪಾಕಗಳಿದ್ದ ಪುಸ್ತಕ, ಓದಿದ ಹೆಂಗಸರು ಪತ್ರ ಬರೆದು ತಿದ್ದುತ್ತ, ಸೇರಿಸುತ್ತ ಹೋದಂತೆ 790ಕ್ಕೆ ಬೆಳೆಯಿತು. ಅದರಲ್ಲಿ ನೊಚಿನೋ ಇದೆ: 30 ಹಸಿರು ಅಕ್ರೋಟು, ಒಂದೂವರೆ ಲೀಟರ್ ಮದ್ಯಸಾರ, 750 ಗ್ರಾಂ ಸಕ್ಕರೆ, 2 ಗ್ರಾಂ ದಾಲ್ಚಿನ್ನಿ, 10 ಲವಂಗ, ಕೊಂಚ ನೀರು, ಒಂದು ನಿಂಬೆಯ ಸಿಪ್ಪೆ, ಬೆಚ್ಚನೆಯ ಜಾಗದಲ್ಲಿ ನಲವತ್ತು ದಿನ. ಪಾಕಗಳನ್ನು ಒಲೆಯ ಮುಂದೆ ನಿಂತು ಮಾಡಿ ನೋಡಿದವರು ಅವನ ಮನೆಯ ಅಡಿಗೆಯಾಕೆ ಮರಿಯೆತ್ತಾ ಸಬತೀನಿ ಮತ್ತು ಅಡಿಗೆಯವ ಫ್ರಾಂಚೆಸ್ಕೋ ರುಫ್ಫಿಲ್ಲಿ. 1911ರಲ್ಲಿ ಸಾಯುವಾಗ ಆರ್ತೂಸಿ ಪುಸ್ತಕದ ಹಕ್ಕನ್ನು ಇವರಿಬ್ಬರ ಹೆಸರಿಗೆ ಬರೆದಿಟ್ಟ. ಅಡಿಗೆಮನೆಯ ಋಣವನ್ನು ಹೀಗೆ ಕಾಗದದ ಮೇಲೆ ತೀರಿಸಿದ ಗ್ರಂಥಕರ್ತರು ಹೆಚ್ಚಿಲ್ಲ.

ಮೊಡೆನಾ ಬಳಿಯ ಸ್ಪಿಲಂಬೆರ್ತೋ ಊರಿನಲ್ಲಿ 1978ರಲ್ಲಿ ಕೆಲವು ಹೆಂಗಸರು ಸೇರಿ ನೊಚಿನೋ ಸಂಪ್ರದಾಯ ಉಳಿಸಲು ಒಂದು ಸಂಘವನ್ನೇ ಕಟ್ಟಿದರು. ಮನೆಮನೆಯ ಕ್ರಮಗಳನ್ನು ಹೋಲಿಸಿ ಒಂದು ಪಾಠವನ್ನು ನಿಶ್ಚಯಿಸಿದರು: ಒಂದು ಲೀಟರ್ ಮದ್ಯಸಾರಕ್ಕೆ ಒಂದು ಕಿಲೋ, ಎಂದರೆ 33ರಿಂದ 35, ಅಕ್ರೋಟು, ಸಕ್ಕರೆ 700ರಿಂದ 900 ಗ್ರಾಂ, ಲವಂಗ, ದಾಲ್ಚಿನ್ನಿ ಬೇಕಾದರೆ ಹಾಕಬಹುದು, ಮೇಲುಗೈಯಾಗಬಾರದು. ಆರ್ತೂಸಿಯ ಪಾಠಕ್ಕೂ ಇದಕ್ಕೂ ಇರುವ ಅಂತರ ಗಮನಿಸಿ. ಹಸ್ತಪ್ರತಿಗಳ ಪಾಠಾಂತರ ನೋಡಿ ನೋಡಿ ಕಣ್ಣು ಕೆಡಿಸಿಕೊಂಡ ನನ್ನಂಥವನಿಗೆ, ಹೆಂಗಸರು ರುಚಿ ನೋಡಿ ಶುದ್ಧಪಾಠ ನಿರ್ಣಯಿಸಿದ ಈ ಗ್ರಂಥಸಂಪಾದನೆ ಬಹಳ ಹಿಡಿಸಿತು. 700ರಿಂದ 900ರವರೆಗೆ ಎಂಬ ಸಡಿಲನ್ನು ಅವರು ಬೇಕೆಂದೇ ಬಿಟ್ಟಿರಬೇಕು.

ಇಷ್ಟನ್ನೂ ನಾನು ಓದಿದ್ದು ಸೀಸೆಯ ಮುಚ್ಚಳ ತೆಗೆದು ಮೂಸಿದ ಮೇಲೆ. ಲವಂಗ, ಒಗರು, ಹಳೆಯ ಮರದ ವಾಸನೆ. ನನಗೆ ಧಾರವಾಡದ ನಮ್ಮಜ್ಜಿಯ ನಡುಮನೆ ನೆನಪಾಯಿತು. ಅಲ್ಲಿ ಜೋಳದ ರಾಶಿಯಲ್ಲಿ ಕುತ್ತಿಗೆಯವರೆಗೆ ಹೂತ ಒಂದು ಚೀನೀ ಭರಣಿ ಇರುತ್ತಿತ್ತು. ಒಳಗೆ ದ್ರಾಕ್ಷಾಸವ. ಬಾಣಂತಿಯರಿಗೆ, ಊಟ ಸೇರದವರಿಗೆ, ಓಣಿಯ ಯಾರು ಬಂದು ಕೇಳಿದರೂ ಒಂದು ಒಳಲೆಯಷ್ಟು. ಧಾರವಾಡ ಆಗ ಬೊಂಬಾಯಿ ಪ್ರಾಂತದಲ್ಲಿದ್ದ ಕಾಲ. 1949ರ ಪಾನನಿರೋಧದ ಕಾನೂನು ಬಂದಾಗ ಅಜ್ಜಿ ಹೊಸದಾಗಿ ಮದುವೆಯಾಗಿ ಬಂದಿದ್ದರಂತೆ. ಪೋಲೀಸರು ಭರಣಿ ಹುಡುಕಿಕೊಂಡು ಬರುತ್ತಾರೆಂದು ಓಣಿಯಲ್ಲಿ ಗುಲ್ಲೆದ್ದಿತಂತೆ. “ಜ್ವಾಳದಾಗ ಹುಗಿಸಿಟ್ಟೀರಿ ಅಂತ ನಿಮ್ಮಜ್ಜಗ ಅಂಜಿಕಿ. ಅಯ್ಯ, ಶಾಸ್ತ್ರದಾಗ ಹಂಗs ಹುಗೀಬೇಕಂತ ಐತಲ್ಲ!” ಎಂದು ಅಜ್ಜಿ ನಗುತ್ತಿದ್ದರು. ಮದ್ಯಸಾರವಿರುವ ಔಷಧಿಗಳನ್ನು ಆ ಕಾನೂನು ತಡೆಯಲಾಗದೆಂದು ಸುಪ್ರೀಂ ಕೋರ್ಟು 1951ರಲ್ಲಿ ಬಾಲ್ಸಾರಾ ಮೊಕದ್ದಮೆಯಲ್ಲಿ ತೀರ್ಪು ಕೊಟ್ಟಿತು. ಕೌಟಿಲ್ಯ ಇದನ್ನು ಮೊದಲೇ ಕಂಡಿದ್ದ. ಸುರೆಯನ್ನೆಲ್ಲ ಸರಕಾರದ ಹತೋಟಿಗೆ ತಂದ ಆ ನಿಷ್ಠುರ ಮಂತ್ರಿಯೂ, ಗೃಹಸ್ಥರು ಮಂಗಳಕಾರ್ಯಕ್ಕೆ ಬಿಳಿಸುರೆಯನ್ನೂ ಔಷಧಿಗೆ ಅರಿಷ್ಟವನ್ನೂ ಮನೆಯಲ್ಲಿ ಮಾಡಿಕೊಳ್ಳಬಹುದೆಂದು ಅರ್ಥಶಾಸ್ತ್ರದಲ್ಲಿ ಒಂದು ಕಿಂಡಿ ಬಿಟ್ಟಿದ್ದಾನೆ.

ನಾನು ಎಂ.ಎ. ಓದುವಾಗ ಚಾಲುಕ್ಯ ಸೋಮೇಶ್ವರನ ಮಾನಸೋಲ್ಲಾಸದ ಮೇಲೆ ಒಂದು ಪ್ರಬಂಧ ಬರೆದೆ. ಕಲ್ಯಾಣದ ಅರಮನೆಯ ಅನ್ನಭೋಗ, ಪಾನೀಯಭೋಗ, ಮದಿರಾಪಾನಕ್ರೀಡೆಗಳ ಪಟ್ಟಿ ಮಾಡಿದೆ. ಪಂಪಭಾರತದ ನಾಲ್ಕನೆಯ ಆಶ್ವಾಸದ ಪಾನಗೋಷ್ಠಿಯನ್ನೂ ತಂದು ಜೋಡಿಸಿದೆ. (ಈಗ ಅದೇ ಪದ್ಯಗಳನ್ನು ತರಗತಿಯಲ್ಲಿ ಬೇಗ ಬೇಗ ದಾಟಿಸುತ್ತೇನೆ; ಹುಡುಗರು ಆ ಪುಟಗಳನ್ನೇ ಎಚ್ಚರವಾಗಿ ಓದಿರುತ್ತಾರೆ.) ಆ ಹನ್ನೆರಡನೆಯ ಶತಮಾನದ ಭರಣಿಗಳಿಗಾಗಿ ಗ್ರಂಥಾಲಯಗಳನ್ನು ಸುತ್ತಿದವನು, ರಜೆಯಲ್ಲಿ ಅಜ್ಜಿಯ ಮನೆಯಲ್ಲಿ ಹತ್ತು ದಿನ ಮಲಗಿದ್ದು, ಮಗ್ಗುಲಿನ ಭರಣಿಗೆ ಧಾತಕೀ ಹೂವು ಎಷ್ಟು, ಬೆಲ್ಲ ಎಷ್ಟು ಎಂದು ಕೇಳಲಿಲ್ಲ. ಒಂದೇ ಒಂದು ಸಲ, ಪ್ರಬಂಧಕ್ಕೆ ಅಡಿಟಿಪ್ಪಣಿಯಾದೀತೆಂಬ ಆಸೆಯಿಂದ, ಕಾಗದ ಹಿಡಿದು ಹೋಗಿದ್ದೆ. “ಏನ್ ಬರಕೋತೀಯೋ ತಮ್ಮಾ, ಇದು ಕೈಗೆ ತಿಳೀಬೇಕು. ನಾಳೆ ಬಾ, ಹಾಕೂಮುಂದ ತೋರಸ್ತೀನಿ,” ಎಂದರು. ಮರುದಿನ ನನಗೆ ಊರಿಗೆ ಹೋಗುವ ಬಸ್ಸಿತ್ತು. ಮುಂದಿನ ರಜೆಗೆ ಅಜ್ಜಿ ಇರಲಿಲ್ಲ. ಭರಣಿ ಈಗ ನಮ್ಮ ಮನೆಯಲ್ಲಿದೆ, ಉಪ್ಪು ಹಾಕಿಡುತ್ತೇವೆ. ಕಪಾಟಿನಲ್ಲಿರುವ ದ್ರಾಕ್ಷಾಸವ ಅಂಗಡಿಯದು.

ಆದ್ದರಿಂದ ಹುಡುಗನಿಗೆ ಬರೆದೆ: ನಿನ್ನ ಮನೆಯ ಅಜ್ಜಿಯನ್ನು ಕೂರಿಸಿಕೊಂಡು ಎಲ್ಲವನ್ನೂ ಬರೆದುಕೋ, ತಡಮಾಡಬೇಡ. ಜುಲೈ ಮೊದಲ ವಾರ ಉತ್ತರ ಬಂತು. ಅಜ್ಜಿಗೆ ಮೊಣಕಾಲು ನೋವು. ಈ ಸಲ ಮರ ಹತ್ತಿದವನು ಅವನೇ. ಗಂಡಸು ಹತ್ತಬಾರದಲ್ಲ ಎಂದದ್ದಕ್ಕೆ, ಪರದೇಶದವನಿಗೆ ನಿಯಮವಿಲ್ಲ ಎಂದರಂತೆ. ಎರಡು ವಾರವಾದರೂ ಬೆರಳು ಕಪ್ಪಾಗಿಯೇ ಇವೆ, ಆಫೀಸಿನಲ್ಲಿ ಎಲ್ಲರಿಗೂ ವಿವರಿಸಿ ಸಾಕಾಯಿತು ಎಂದು ಬರೆದಿದ್ದ. ಬರೆದುಕೊಳ್ಳುವ ಕೆಲಸ ಮಾತ್ರ ಸುಲಭವಾಗಲಿಲ್ಲ. ಸಕ್ಕರೆ ಎಷ್ಟು ಎಂದರೆ ಅಜ್ಜಿ ಮುಷ್ಟಿ ತೋರಿಸುತ್ತಾರೆ. ಲವಂಗ ಎಷ್ಟು ಎಂದರೆ ಮೂರು ಬೆರಳು ಕೂಡಿಸಿ ತೋರಿಸುತ್ತಾರೆ. ಕೊನೆಗೆ ಇವನು ಅಡಿಗೆಮನೆಯ ತಕ್ಕಡಿಯನ್ನು ಮುಂದಿಟ್ಟು, ಅವರು ಹಿಡಿದ ಒಂದೊಂದು ಹಿಡಿಯನ್ನೂ ಭರಣಿಗೆ ಬೀಳುವ ಮುಂಚೆ ತಟ್ಟೆಯಲ್ಲಿ ಹಾಕಿಸಿ ತೂಗಿದನಂತೆ. ಅಜ್ಜಿಗೆ ಸಿಟ್ಟು ಬಂದು ನಡುವೆ ಒಮ್ಮೆ ಎದ್ದು ಹೋದರಂತೆ. ಮೂರು ಹಿಡಿಗಳ ತೂಕವನ್ನು ಬೇರೆ ಬೇರೆಯಾಗಿ ಬರೆದು ಕಳಿಸಿದ್ದಾನೆ. ನಾನೂ ನನ್ನಾಕೆಯೂ ನಮ್ಮ ತಕ್ಕಡಿ ಇಟ್ಟುಕೊಂಡು ಸಕ್ಕರೆ ಹಿಡಿದು ನೋಡಿದೆವು. ಮೊಡೆನಾದ ಅಜ್ಜಿಯ ಹಿಡಿ ನನ್ನಾಕೆಯ ಹಿಡಿಗಿಂತ ಸ್ವಲ್ಪ ದೊಡ್ಡದು.